ಗಿಯೋನ್ ಓಣಿಯ ಹಳದಿ ಕೋಟು

ಮಗಳು ಸತ್ತ ಸುದ್ದಿ ಬಂದ ದಿನವೇ ಚಂದ್ರವ್ವ ಅವಳ ಧ್ವನಿ ಕೇಳಿದಳು. ಏಳು ತಿಂಗಳ ಹಿಂದಿನ ಸಂದೇಶ ಫೋನಿನಲ್ಲಿ ಹಾಗೇ ಬಿದ್ದಿತ್ತು. ಸಿಟ್ಟಿಗೆ ತೆರೆದಿರಲಿಲ್ಲ.

“ಅವ್ವಾ, ನಮ್ಮ ಓಣ್ಯಾಗ ಸಿನಿಮಾ ತಗೀಲಾಕ ಬಂದಾರ. ನಾ ಹಳದಿ ಕೋಟ ಹಾಕ್ಕೊಂಡು ನಡುವ ನಡಕೋತ ಹೋದೆ. ಎಲ್ಲಾರೂ ಬೈದ್ರು! ಫೋನಿನ್ಯಾಗ ನನ್ನ ಮಾರಿ ನೋಡಂಗಿಲ್ಲ ಅಂತೀಯಲ್ಲ, ಟಾಕೀಸಿನ್ಯಾಗರ ನೋಡು.”

ಬಾಗಿಲಲ್ಲಿ ನಿಂತಿದ್ದ ಮಗ ರೋಹನ, ಸಂದೇಶ ಮುಗಿಯುವ ಮೊದಲೇ ತನ್ನ ಕೋಣೆಗೆ ಹೋಗಿ ಬಾಗಿಲು ಹಾಕಿಕೊಂಡ.

ಸೃಷ್ಟಿ ಇದ್ದದ್ದು ಜಪಾನಿನ ಕ್ಯೋಟೋ ಪಟ್ಟಣದ ಗಿಯೋನ್‌ನಲ್ಲಿ. ಹಳೆಯ ಮರದ ಮನೆಗಳ ಕೇರಿ. ಗೊತ್ತು ಮಾಡಿದ ಮದುವೆ ಬೇಡವೆಂದು ಮೂರು ವರ್ಷದ ಹಿಂದೆ ವಿಲಾಯತಿಯ ಕಿಂಗ್ಸ್‌ಬರಿಯ ಈ ಮನೆ ಬಿಟ್ಟು ಹೋದಾಗ, “ಇನ್ನ ನನಗ ಮಾರಿ ತೋರಿಸಬ್ಯಾಡ” ಅಂದಿದ್ದಳು ಚಂದ್ರವ್ವ. ಮಗಳು ಮಾತು ಮೀರಲಿಲ್ಲ. ಲಾರಿ ಹಾಯ್ದ ದೇಹ ಮುಚ್ಚಿದ ಪೆಟ್ಟಿಗೆಯಲ್ಲಿ ಬಂತು. ತೆರೆಯಬೇಡಿ ಎಂದರು. ಹಣೆಗೆ ಹಚ್ಚಬೇಕಾದ ವಿಭೂತಿಯನ್ನು ತಾಯಿ ಮುಚ್ಚಳಕ್ಕೆ ಹಚ್ಚಿ ಹಿಡಿ ಮಣ್ಣು ಹಾಕಿದಳು.

ಉಳಿದದ್ದು ಆ ಸಿನಿಮಾ ಒಂದೇ. ಒಂದು ಸಲ ಮುಖ ನೋಡಬೇಕು. ಚಂದ್ರವ್ವನಿಗೆ ಬೇರೆ ಆಸೆ ಇರಲಿಲ್ಲ.

“ಅದು ಯಾವ ಸಿನಿಮಾನೋ ತಮ್ಮಾ?”

“ಗೊತ್ತಿಲ್ಲಬೇ. ಅರ್ಧ ಸಿನಿಮಾ ಹೊರಗ ಬರೂದs ಇಲ್ಲ.”

ಕಾಯುವ ತಿಂಗಳುಗಳಲ್ಲಿ ಅವಳು ಟಿವಿಯಲ್ಲಿ ಗಿಯೋನ್ ಇರುವ ಸಿನಿಮಾಗಳನ್ನು ಒಂದೊಂದಾಗಿ ನೋಡಿದಳು. ಎಲ್ಲದರಲ್ಲೂ ಅದೇ ಓಣಿ. ಹೊಳೆಯುವ ಕಲ್ಲುಹಾಸು. ಕಾಗದದ ದೀಪ. ಮರದ ಚಪ್ಪಲಿ ಸದ್ದು ಮಾಡುತ್ತ ಬೆನ್ನು ತೋರಿಸಿ ಹೋಗುವ ಒಬ್ಬ ಹೆಂಗಸು.

“ಅಲ್ಲೋ, ಈ ಊರಾಗ ಯಾರೂ ಅರಿವಿ ಒಣಾ ಹಾಕಂಗಿಲ್ಲೇನು? ಕಸಾ ಚೆಲ್ಲಂಗಿಲ್ಲೇನು?”

“ಸಿನಿಮಾದಾಗ ಇಲ್ಲ.”

“ದಿನಾ ಮಳೀನೂ ಬರತೈತೇನು?”

“ಮಳಿ ಅಲ್ಲ. ಬೆಳಕು ಹೊಳೀಲಿ ಅಂತ ಕಲ್ಲಿಗೆ ನೀರು ಹೊಡೀತಾರ.”

“ಬ್ಯಾಂಕಿನಾಂವಗ ಇದೆಲ್ಲಾ ಹೆಂಗ ಗೊತ್ತೋ?”

“ಎಲ್ಲೋ ಓದೇನಿ.”

ರೋಹನ ದಿನಾ ಹೋಗುವುದು ದೊಡ್ಡ ಬ್ಯಾಂಕುಗಳಿರುವ ಕ್ಯಾನರಿ ವಾರ್ಫ್ ಕಡೆಗೆ. ಕೆಲಸದ ಮಾತು ಮನೆಯಲ್ಲಿ ಆಡುವುದಿಲ್ಲವೆಂದು ಸಹಿ ಮಾಡಿದ್ದೇನೆ ಎಂದು ಒಮ್ಮೆ ಹೇಳಿದ್ದ. ಬ್ಯಾಂಕುಗಳಲ್ಲಿ ಹಾಗೇ ಇರುತ್ತದೆಂದು ಅವಳು ತಿಳಿದಿದ್ದಳು.

ಕೊನೆಗೆ ಸಿನಿಮಾ ಹುಡುಕಿಕೊಟ್ಟವಳು ಪಕ್ಕದ ಮನೆಯ ಅನ್ವಿತಾ. ಓಣಿಯ ಹೆಸರು, ತಿಂಗಳು ಹೇಳಿದ್ದೇ ತಡ, ಫೋನಿನಲ್ಲಿ ಹತ್ತು ನಿಮಿಷಕ್ಕೆ ತೆಗೆದಳು.

“ಅಜ್ಜಿ, ಶನಿವಾರ ರಿಲೀಸ್! ರೋಹನ್ ಅಂಕಲ್‌ಗೆ ಇಷ್ಟೂ ಹುಡುಕಕ್ಕೆ ಬರಲ್ವಾ?”

“ನೂರು ವರ್ಷದ ಹಿಂದಿನ ಕಥಿಬೇ ಅದು,” ಎಂದ ರೋಹನ. “ನಿನಗ ತಿಳಿಯಂಗಿಲ್ಲ. ಬ್ಯಾಡ.”

“ಕಥಿ ಯಾರಿಗೆ ಬೇಕಾಗೇತಿ?”

ಶನಿವಾರ ಚಂದ್ರವ್ವ ಉಪವಾಸವಿದ್ದಳು. ಲಿಂಗಪೂಜೆ ಮುಗಿಸಿ, ಇಳಕಲ್ ಸೀರೆಯ ಮೇಲೆ ದಪ್ಪ ಕೋಟು ಹಾಕಿಕೊಂಡು ಮಧ್ಯಾಹ್ನದ ಆಟಕ್ಕೆ ಹೊರಟಳು. ಬಸ್ಸಿನಲ್ಲಿ ರೋಹನ ಪಕ್ಕ ಕೂತ.

ಪರದೆಯ ಮೇಲೆ ಓಣಿ ಬಂತು. ಒದ್ದೆ ಕಲ್ಲು, ದೀಪ, ಮರದ ಜಾಲರಿಯ ಕಿಟಕಿಗಳು. ಚಂದ್ರವ್ವ ಮುಂದಿನ ಸೀಟು ಹಿಡಿದು ಬಗ್ಗಿದಳು.

“ಈಗ ಬರತಾಳ ನೋಡು.”

ಬರಲಿಲ್ಲ. ಓಣಿ ಇನ್ನೊಮ್ಮೆ ಬಂತು. ಒಂದು ಎಲೆ ಉರುಳಿ ಹೋಯಿತು, ಅಷ್ಟೇ. ಇಂಥ ಶಾಂತ ಕೇರಿ ಲೋಕದಲ್ಲಿ ಇನ್ನೊಂದಿಲ್ಲ ಅನ್ನಿಸುವಂತಿತ್ತು. ಹಿಂದೆ ಯಾರೋ ಮೆಚ್ಚುಗೆಯಿಂದ ನಿಟ್ಟುಸಿರುಬಿಟ್ಟರು. ರೋಹನ ಪರದೆ ನೋಡುತ್ತಿರಲಿಲ್ಲ.

ಆಟ ಮುಗಿದು ದೀಪ ಹತ್ತಿದವು. ಪರದೆಯ ಮೇಲೆ ಹೆಸರುಗಳು ಮೇಲೇರತೊಡಗಿದವು. ಜನ ಎದ್ದು ಹೋದರು. ಚಂದ್ರವ್ವ ಏಳಲಿಲ್ಲ.

“ಬಂದಿದ್ಲೇನೋ? ನಾ ಎಲ್ಲರೆ ಕಣ್ಣು ಮುಚ್ಚಿದ್ನೇನು?”

“ಇಲ್ಲಬೇ. ಬಂದಿಲ್ಲ.”

“ನಡಕೋತ ಹೋದೆ ಅಂದಾಳಲ್ಲ. ಸಾಯೂ ಕೂಸು ಸುಳ್ಳು ಹೇಳತೈತೇನು?”

“ಹಳೇ ಕಾಲದ ಓಣ್ಯಾಗ ಈಗಿನ ಕೋಟ ಕಾಣಬಾರದು. ವೈರು, ಕಸದ ಡಬ್ಬಿ, ದಾರಿ ಹೋಕರು, ಎಲ್ಲಾ ಕಂಪ್ಯೂಟರಿನ್ಯಾಗ ಒರಸಿಬಿಡತಾರ. ಒಂದೊಂದs ಚಿತ್ರ ಹಿಡದು, ಕಾಲಿನಿಂದ ತಲೀಮಟ.”

“ಮನಶ್ಯಾನೇನು, ಅದನ್ನೆಲ್ಲಾ ಒರಸಾಂವ?”

“ಮನಶ್ಯಾನs.”

ಚಂದ್ರವ್ವ ಖಾಲಿ ಸೀಟುಗಳನ್ನು ನೋಡಿದಳು. “ಅವಗ ಒಡಹುಟ್ಟಿದಾಕಿ ಯಾರೂ ಇದ್ದಿರಾಕಿಲ್ಲ ಬಿಡು,” ಎಂದಳು. ದನಿಯಲ್ಲಿ ಸಿಟ್ಟಿರಲಿಲ್ಲ.

ನಂತರ ಎದೆಯ ಮೇಲಿನ ಲಿಂಗವನ್ನು ಮುಟ್ಟಿಕೊಂಡು ಕಣ್ಣು ಮುಚ್ಚಿದಳು.

ಪರದೆಯ ಹೆಸರುಗಳ ಸಾಲಿನಲ್ಲಿ ರೋಹನನ ಹೆಸರು ಬಂದು, ಮೇಲೇರಿ, ಹೋಯಿತು. ಹೋದ ಆಗಸ್ಟಿನಲ್ಲಿ, ತಂಗಿ ಇನ್ನೂ ಬದುಕಿದ್ದಾಗ, ಆ ಹಳದಿ ಕೋಟನ್ನು ಎರಡು ದಿನ ಕೂತು ಒರಸಿದವನು ಅವನೇ. ಆ ದೃಶ್ಯದ ಕೊನೆಯ ಹನ್ನೊಂದು ಬಿಡಿಚಿತ್ರಗಳಲ್ಲಿ ಅವಳು ತಿರುಗಿ ನಿಂತು, ನಗುತ್ತ, ಪೂರ್ತಿ ಮುಖ ತೋರಿಸಿದ್ದಳು. ಅವನೂ ಗುರುತಿಸಿ ನಕ್ಕಿದ್ದ. ಅವ್ವನ ಸಿಟ್ಟು ಇಳಿದ ಮೇಲೆ ಹೇಳಿದರಾಯಿತೆಂದು ಆ ಮುಖವನ್ನೂ ಒರಸಿ, ಸಂಜೆಯ ಗಡುವಿನೊಳಗೆ ಒಪ್ಪಿಸಿದ್ದ. ಸಾವಿನ ಮರುದಿನ ಹೋಗಿ ಹುಡುಕಿದಾಗ ಮೂಲ ಚಿತ್ರಗಳು ಉಳಿದಿರಲಿಲ್ಲ.

“ನೀನೂ ಅನ್ನೋ ತಮ್ಮಾ,” ಎಂದಳು ಚಂದ್ರವ್ವ, ಕಣ್ಣು ತೆರೆಯದೆ. “ಶಿವನೇ, ಆಕಿ ಜೀವಕ್ಕ ಶಾಂತಿ ಕೊಡು.”