ಹಾಡಿನ ನಡುವಿನ ಮಾತು

ಸಂಗೀತದ ಸಾಕ್ಷ್ಯಚಿತ್ರಗಳಲ್ಲಿ ರಾಗ, ತಾಳಗಳನ್ನು ಜನರಿಗೆ ವಿವರಿಸಿ ಹೇಳುವುದೇ ಅವನ ಕೆಲಸ. ಪ್ರತಿ ಭಾನುವಾರ ಬೆಳಿಗ್ಗೆ ಟೀವಿಯಲ್ಲಿ ಒಂದು ಹಾಡು, ಆಮೇಲೆ ಅವನ ಮಾತು, ಮತ್ತೆ ಹಾಡು. ಕಛೇರಿಯಲ್ಲಿ ಮೃದಂಗದವರ ಸರದಿ ಬಂದ ಕೂಡಲೇ ಕಾಫಿಗೆ ಎದ್ದು ಹೋಗುವವರನ್ನು ಅವನು ಟೀವಿಯಲ್ಲೇ ಎಷ್ಟೋ ಸಲ ಗದರಿದ್ದ.

ಅವತ್ತು ಅವನು ಅಮ್ಮನಿಗೆ ಫೋನ್ ಮಾಡಿದ.

“ಅಮ್ಮ, ಮುಂದಿನ ವಾರದಿಂದ ನನ್ನ ಮಾತು ಬೇಡ್ವಂತೆ. ಬರೀ ಹಾಡು ಹಾಕ್ತಾರಂತೆ.”

“ಅಯ್ಯೋ, ಯಾರೋ ಹಾಗಂದೋನು? ನಿನ್ನ ಮಾತಿಲ್ದೆ ಅದನ್ನ ನೋಡೋಕಾಗುತ್ತೇನೋ?”

“ಜನಕ್ಕೆ ಬೇಜಾರಾಗುತ್ತಂತೆ.”

“ಯಾವ ಜನಕ್ಕೆ? ನಮ್ಮ ಬೀದಿ ಹೆಂಗಸರನ್ನ ಕೇಳಲಿ. ಮೊನ್ನೆ ನೀನು ಬೇಗ ಮುಗಿಸಿಬಿಟ್ಟೆ, ನಮಗ್ಯಾರಿಗೂ ಸಾಕಾಗ್ಲೇ ಇಲ್ಲ. ಕೊಡು ಅವನ ನಂಬರು, ನಾನೇ ಮಾತಾಡ್ತೀನಿ.”

ಅವನ ಕಣ್ಣು ತುಂಬಿ ಬಂತು. “ನಿಮಗೆಲ್ಲ ನನ್ನ ಮಾತು ಅಷ್ಟು ಇಷ್ಟಾನಾ ಅಮ್ಮ?”

“ಮತ್ತೆ? ಹಾಡೋವಾಗ ಏಳೋಕೆ ಮನಸ್ಸು ಬರಲ್ಲ ಪುಟ್ಟು. ನೀನು ಬಾಯಿ ತೆಗೆದಾಗ್ಲೇ ನಾವೆಲ್ಲ ಎದ್ದು ಹೋಗಿ ಸಾರಿಗೆ ಒಗ್ಗರಣೆ ಹಾಕಿ ಬರೋದು!”