ತಡೆಯಾಜ್ಞೆಗೆ ಒಬ್ಬ ಸಾಕ್ಷಿ

ಅಮೀನ ಟೇಪು ಹಿಡಿದು ಹೊಸ್ತಿಲಿನಿಂದ ಅಡುಗೆಮನೆಯ ಗೋಡೆವರೆಗೆ ಅಳೆಯುತ್ತಿದ್ದಾಗ ರುದ್ರೇಶ್ ಅವನ ಕೊರಳಪಟ್ಟಿಗೇ ಕೈ ಹಾಕಿದ.

“ನನ್ನ ಮೇಲೆ ಯಾಕಪ್ಪ ಸಿಟ್ಟು? ನಾನು ಕೋರ್ಟಿನ ಆಳು,” ಅಮೀನ ಬಿಡಿಸಿಕೊಂಡ. “ಜಾಗ ಕೇಸು ಹಾಕಿದ್ದ ಲಕ್ಷ್ಮಯ್ಯನೋರದು ಅಂತ ತೀರ್ಪಾಗಿದೆ. ಸೋಮವಾರ ಹನ್ನೊಂದು ಗಂಟೆಗೆ ಪೊಲೀಸ್ ಕರ್ಕೊಂಡು ಬರ್ತೀನಿ. ಅಷ್ಟರಲ್ಲಿ ಪಾತ್ರೆ ಪಗಡೆ ತೆಗೆದಿಟ್ಕೊಳ್ಳಿ.”

ಸಿಂಗಸಂದ್ರದ ಆ ಎರಡು ಕೋಣೆಯ ಮನೆ ಅಪ್ಪ ಸಾಯುವ ಮುಂಚೆ ಕಟ್ಟಿದ್ದು. ಅಮ್ಮ ನಾಗಲಕ್ಷ್ಮಮ್ಮನಿಗೆ ಬೇರೆ ಸೂರಿಲ್ಲ. ಕೇಸೊಂದು ನಡೆಯಿತೆಂಬುದೇ ತಾಯಿ ಮಗನಿಗೆ ಗೊತ್ತಿರಲಿಲ್ಲ.

ಎಂಟನೇ ಕ್ಲಾಸಿಗೆ ಶಾಲೆ ಬಿಟ್ಟ ರುದ್ರೇಶ್ ಏಳೆಂಟು ಕೆಲಸ ಬದಲಿಸಿ, ಈಗೊಂದು ವರ್ಷದಿಂದ ಒಂದೇ ಕಡೆ ನಿಂತಿದ್ದ. ಅದನ್ನೇ ಅಮ್ಮ ಬೀದಿಗೆಲ್ಲ ಹೇಳಿಕೊಂಡಿದ್ದಳು. ಇವತ್ತು ಆ ಕೆಲಸಕ್ಕೂ ಚಕ್ಕರ್ ಹೊಡೆದು, ಅಮ್ಮನನ್ನು ಸ್ಕೂಟರಿನಲ್ಲಿ ಕೂರಿಸಿಕೊಂಡು ಬೊಮ್ಮನಹಳ್ಳಿಯ ವಕೀಲೆ ಶೋಭಾರಾಣಿಯ ಆಫೀಸಿಗೆ ಬಂದ.

“ನೀವು ಕೋರ್ಟಿಗೆ ಬರಲಿಲ್ಲ ಅಂತ ನಿಮ್ಮನ್ನ ಕೇಳದೇನೇ ತೀರ್ಪು ಕೊಟ್ಟಿದ್ದಾರೆ,” ಎಂದಳು ವಕೀಲೆ. “ಅದನ್ನ ರದ್ದು ಮಾಡಿ ಅಂತ ಅರ್ಜಿ ಹಾಕ್ತೀನಿ. ಅದು ಮುಗಿಯೋವರೆಗೆ ಮನೆ ಮುಟ್ಟಬೇಡಿ ಅಂತ ತಡೆಯಾಜ್ಞೆ ಕೇಳ್ತೀನಿ. ಒಂದೇ ತೊಡಕು. ಕೋರ್ಟಿನ ಸಮನ್ಸ್ ಫೆಬ್ರವರಿ ಇಪ್ಪತ್ತೆಂಟಕ್ಕೆ ಕೊರಿಯರಿನಲ್ಲಿ ಮನೆಗೆ ಬಂದಿತ್ತು, ನಿಮ್ಮಮ್ಮ ತಗೊಳ್ಳಲಿಲ್ಲ ಅಂತ ಕವರಿನ ಮೇಲಿದೆ. ಬೇಡ ಅಂದ್ರೆ ತಲುಪಿದ ಹಾಗೇ.”

“ಶಿವರಾತ್ರಿ ಆಗಿ ಎರಡು ದಿನಕ್ಕೆ,” ಅಮ್ಮ ಬೆರಳು ಮಡಿಸಿದಳು. “ಅವತ್ತು ನಂಗೆ ಕೆಂಡದಂಗೆ ಜ್ವರ ಕಣವ್ವ. ಬಾಗಿಲು ತೆಗ್ದೇ ಇತ್ತು, ಒಂದು ನರಪಿಳ್ಳೆ ಬರ್ಲಿಲ್ಲ. ಇವನೇ ಅನ್ನೊಂದು ಗಂಟೆಗೆಲ್ಲ ಕೆಲ್ಸ ಮುಗಿಸ್ಕೊಂಡು ಓಡಿ ಬಂದು ಆಸ್ಪತ್ರೆಗೆ ಸೇರ್ಸ್ದ.”

“ಲಕ್ಷ್ಮಯ್ಯ ದುಡ್ಡು ತಿನ್ನಿಸಿದ್ದಾನೆ ಮೇಡಂ,” ರುದ್ರೇಶ್ ಮೇಜಿಗೆ ಗುದ್ದಿದ. “ಬರೆದ ನನ್ಮಗ ಕೈಗೆ ಸಿಗ್ಲಿ, ಬೆರಳು ಮುರೀತೀನಿ.”

“ಮುರೀಬೇಡಪ್ಪ, ಕರ್ಕೊಂಡು ಬಾ. ಸುಳ್ಳು ಬರೆದೆ ಅಂತ ಅವನು ಪ್ರಮಾಣ ಮಾಡಿದ್ರೆ ತಡೆಯಾಜ್ಞೆ ಸಿಗುತ್ತೆ. ಬರೀ ನಿಮ್ಮ ಮಾತು ಯಾರೂ ನಂಬಲ್ಲ. ಆದ್ರೆ ಅವನ ಕೆಲಸ ಹೋಗುತ್ತೆ, ಮೇಲೊಂದು ಕೇಸೂ ಬೀಳಬಹುದು. ಯಾವನು ಬರ್ತಾನೆ?”

“ನಾನೇ ಕಾಲಿಗೆ ಬೀಳ್ತೀನಿ,” ಎಂದಳು ಅಮ್ಮ. “ಅವನಿಗೂ ತಾಯಿ ಅಂತ ಒಬ್ಳು ಇರ್ತಾಳಲ್ವಾ.”

ರುದ್ರೇಶನ ಫೋನ್ ಅರಚಿತು. ಸೂಪರ್‌ವೈಸರ್ ಅಮರೇಶ್. “ಎಲ್ಲಿ ಸತ್ತೋದೆ ಗುರು? ನಿನ್ನ ಲೈನಿನ ಚೀಲ ಪೂರ್ತಿ ಹಂಗೇ ಬಿದ್ದಿದೆ.” ಅವನು ಫೋನ್ ಕಟ್ ಮಾಡಿ ಜೇಬಿಗೆ ಹಾಕಿದ.

ಶೋಭಾರಾಣಿ ಕೋರ್ಟಿನ ಫೈಲಿನಿಂದ ತರಿಸಿದ್ದ ಕವರಿನ ನಕಲನ್ನು ಮುಂದೆ ತಳ್ಳಿದಳು. ಅಮ್ಮನ ಹೆಸರು. ಹಳೆಯ ಖಾತೆ ನಂಬರಿನ ವಿಳಾಸ. ಮೂಲೆಯಲ್ಲಿ ಅವಸರದ ಎರಡು ಪದ: ಬೇಡ ಅಂದರು.

ರುದ್ರೇಶ್ ಆ ಹಾಳೆಯನ್ನು ಎತ್ತಿಕೊಂಡವನು ಕೆಳಗಿಡಲೇ ಇಲ್ಲ.

“ಬಾಗಿಲು ಹಾಕಿತ್ತು ಅಂತಲಾದ್ರೂ ಬರೆದಿದ್ರೆ ನಮಗೊಂದು ದಾರಿ ಇರ್ತಿತ್ತು,” ವಕೀಲೆ ಲೊಚಗುಟ್ಟಿದಳು.

“ಬರೆಯಲ್ಲ ಮೇಡಂ.” ಅವನ ದನಿ ಇಳಿದಿತ್ತು. “ಬಾಗಿಲು ಹಾಕಿತ್ತು ಅಂದ್ರೆ ಆ ಕವರ್ ನಾಳೆ ಮತ್ತೆ ಚೀಲಕ್ಕೆ ಬರುತ್ತೆ. ಬೇಡ ಅಂದರು ಅಂತ ಬರೆದ್ರೆ ಪೀಡೆ ತೊಲಗುತ್ತೆ. ಅರ್ಜೆಂಟಿದ್ದಾಗ, ಫೋನ್ ನಂಬರ್ ಇಲ್ಲದ ಕವರೆಲ್ಲ ಟೀ ಅಂಗಡೀಲಿ ಒಟ್ಟು ಹಾಕ್ಕೊಂಡು, ಹೆಸರೂ ನೋಡದೆ ಗೀಚಿಬಿಡೋದು. ಬೇಗ ಮನೆಗೆ ಓಡಬಹುದು.”

“ಇದೆಲ್ಲ ನಿನಗೆ ಹೇಗಪ್ಪ ಗೊತ್ತು?”

ರುದ್ರೇಶ್ ಅಮ್ಮನ ಮುಖ ನೋಡಲಿಲ್ಲ. “ಪ್ರಮಾಣಪತ್ರಕ್ಕೆ ನನ್ನ ಹೆಸರೇ ಬರ್ಕೊಳ್ಳಿ ಮೇಡಂ. ಇದು ನನ್ನ ಅಕ್ಷರ.”