ಕೆಂಪವ್ವ ಇಳಿಯಲಿಲ್ಲ

ಹೊಳೆ ಇಳಿಯಲಿಲ್ಲ.

ಮಾಲತೇಶ ಮಾಸ್ತರರು ಕತ್ತಿ ಹಿಡಿದು, ಎದೆ ಸೆಟೆಸಿ, "ಹೊಳೆತಾಯೀ, ನನ್ನ ಬಾಯಲ್ಲಿ ಸುಳ್ಳಿಲ್ಲ, ನನ್ನ ಜೋಳಿಗೆಯಲ್ಲಿ ಪರರ ಕಾಳಿಲ್ಲ, ದಾರಿ ಬಿಡು" ಎಂದು ಎರಡನೇ ಸಲ ಹೇಳಿ ನಿಂತರು. ಒಂದಕ್ಕೊಂದು ಹೊಲಿದ ಎರಡು ಕೆಂಪು ಸೀರೆಗಳೇ ಹೊಳೆ. ಒಂದು ತುದಿ ದೇವವ್ವನ ಕೈಯಲ್ಲಿ, ಇನ್ನೊಂದು ಹಮಾಲ ಗೂಡುಸಾಬನ ಕೈಯಲ್ಲಿ. ನಾಟಕದ ರಾಜಕುಮಾರ ಆ ಮಾತು ಹೇಳಿದ ಕೂಡಲೇ ಇಬ್ಬರೂ ಸೀರೆಯನ್ನು ನೆಲಕ್ಕೆ ಇಳಿಸಬೇಕು, ಅವನು ದಾಟಬೇಕು. ಐದು ನಿಮಿಷದ ಹಿಂದೆ ಚೇತನಕುಮಾರ ಹೇಳಿದಾಗ ಇಳಿದಿತ್ತು. ರಾಜಕುಮಾರನ ಪಾತ್ರ ಅವನದೇ. ಮೆಂತ್ಯಸೊಪ್ಪು ಮಾರುವವನ ಹಾಗೆ ಮಾತಾಡುತ್ತಾನೆಂದು ಸಿಟ್ಟಾಗಿ ಮಾಸ್ತರರು ತಾವೇ ಮಾಡಿ ತೋರಿಸಲು ನಿಂತಿದ್ದರು, ಅದೂ ಚಪ್ಪಲಿ ಮೆಟ್ಟಿಕೊಂಡೇ.

"ದೇವಕ್ಕಾ, ಇಳಸು ಮತ್ತ."

"ಹೊಳಿ ಇಳೀವಲ್ದರಿ," ಎಂದಳು ದೇವವ್ವ.

ಕದರಮಂಡಲಗಿಯ ಸಮುದಾಯ ಭವನದಲ್ಲಿ ತಾಲೀಮು ನೋಡಲು ಕೂತಿದ್ದ ಹೆಂಗಸರು ಕಿಸಕ್ಕೆಂದರು. ಈ ಹೊಳೆ ಎಲ್ಲಿಂದ ಬಂತೆಂದು ಅವರಿಗೆ ಗೊತ್ತಿತ್ತು. ಎರಡು ಸುಗ್ಗಿ ಬ್ಯಾಡಗಿಯ ಗೋದಾಮಿನಲ್ಲಿ ಮೂಗಿಗೆ ಸೆರಗು ಕಟ್ಟಿಕೊಂಡು, ಮೆಣಸಿನಕಾಯಿಯ ತೊಟ್ಟು ಮುರಿಯುತ್ತ, ದೇವವ್ವ ಅದನ್ನು ಅವರ ನಡುವೆಯೇ ಕಥೆಯಾಗಿ ಹರಿಸಿದ್ದಳು. ಏಳು ಕೋಟೆಗಳಾಚೆ, ಸೂರ್ಯ ದಿನಕ್ಕೆ ಎರಡು ಸಲ ಮುಳುಗುವ ನಾಡು. ಅಲ್ಲಿ ಕೆಂಪವ್ವ ಎಂಬ ಹೊಳೆ. ಬ್ಯಾಡಗಿ ಕಾಯಿಯ ಹಾಗೆ ನೋಡಲು ಕೆಂಪೇ ಹೊರತು ಖಾರವಿಲ್ಲ. ಖರೇ ಮಾತಿನವನಿಗೆ ಅದು ಮೊಳಕಾಲುದ್ದದ ತಣ್ಣೀರು. ಸುಳ್ಳು ಬಚ್ಚಿಟ್ಟುಕೊಂಡು ಇಳಿದವನಿಗೆ ಮೊದಲು ನಾಲಿಗೆ ಉರಿಯುತ್ತದೆ, ಆಮೇಲೆ ಕಾಲು. ಕೊನೆಗೆ ದಂಡೆಯ ಮೇಲೆ ಬಿಟ್ಟ ಚಪ್ಪಲಿಯಷ್ಟೇ ಉಳಿಯುತ್ತದೆ. ದೇವವ್ವ ತುಂಗಭದ್ರೆಯ ದಂಡೆಯಲ್ಲಿ ಬೆಳೆದವಳು. ಚಪ್ಪಲಿ ಮೆಟ್ಟಿ ಹೊಳೆಗಿಳಿಯುವುದನ್ನು ಅವಳು ಕಥೆಯಲ್ಲೂ ಸಹಿಸುವವಳಲ್ಲ.

ಆ ಗೋದಾಮಿಗೆ ಚೀಲ ತೂಗಲು ಬರುತ್ತಿದ್ದವರೇ ಮಾಲತೇಶ. ಊರಿಗೆಲ್ಲ ನಾಟಕದ ಮಾಸ್ತರರು. ತಕ್ಕಡಿ ಮರೆತು ಕಥೆ ಕೇಳುತ್ತ ನಿಂತದ್ದೂ ಉಂಟು. ಇದನ್ನೇ ನಾಟಕ ಮಾಡುತ್ತೇನೆ ಎಂದಾಗ ದೇವವ್ವ ಹಿಗ್ಗಿ ಹೀರೇಕಾಯಿಯಾಗಿ, ತನ್ನ ಮದುವೆಯ ಸೀರೆಯನ್ನೇ ಹೊಳೆಗೆ ಕೊಟ್ಟಿದ್ದಳು. ಇವತ್ತು ಬೆಳಿಗ್ಗೆ ಕರಪತ್ರದ ಕರಡು ಬಂತು. ಅವಳು ಅಕ್ಷರ ಕೂಡಿಸಿ ಓದಿದಳು: ಕಥೆ, ಸಂಭಾಷಣೆ, ನಿರ್ದೇಶನ, ಮಾಲತೇಶ ಮಾಸ್ತರ. ಸಂಭಾಷಣೆ ಅವರದು, ಒಪ್ಪಿದಳು. ನಿರ್ದೇಶನವೆಂದರೆ ಬೈಯುವುದಿರಬೇಕು, ಅದೂ ಅವರದೇ. ಮೊದಲನೇ ಶಬ್ದದ ಹತ್ತಿರ ಬೆರಳು ನಿಂತುಬಿಟ್ಟಿತು. ಇಪ್ಪತ್ತು ವರ್ಷ ತೊಟ್ಟು ಮುರಿದರೂ ಉರಿಯದ ಕಣ್ಣು ಆಗ ಉರಿಯಿತು.

"ಹುಚ್ಚಾಟ ಸಾಕು," ಎಂದರು ಮಾಸ್ತರರು. "ಸಂಜಿಗೆ ನಾ ರಾಣೇಬೆನ್ನೂರಿಗೆ, ಪ್ರೆಸ್ಸಿಗೆ ಹೋಗಬೇಕು. ಗೂಡುಸಾಬ, ನೀನರ ಇಳಸೋ."

"ನಂದೊಂದ ದಂಡಿ ಇಳಿಸಿದ್ರ ಹೊಳಿ ಸೊಟ್ಟ ಹರೀತೈತ್ರಿ ಮಾಸ್ತರ," ಎಂದ ಗೂಡುಸಾಬ, ಸೀರೆಯನ್ನು ಇನ್ನೊಂದು ಗೇಣು ಮೇಲೆತ್ತಿದ. ಚೀಲ ಹೊರುವಾಗ ಅವನೂ ಆ ಕಥೆ ಕೇಳಿದವನು.

ಮಾಸ್ತರರು ಹತ್ತಿರ ಬಂದು ದನಿ ತಗ್ಗಿಸಿದರು. "ಏನಾತಕ್ಕಾ? ಮಂದಿ ಮೊಬೈಲ್ ಹಿಡಕೊಂಡು ಕುಂತಾರ."

"ಹಿಡೀಲಿ. ಈ ಹೊಳಿ ಯಾರದ್ರಿ?"

"ನಾಟಕ ಬರದಾಂವ ನಾನಲ್ಲೇನು?"

"ಬರದೀರಿ, ಇಲ್ಲ ಅನ್ನೂದಿಲ್ಲ. ಚಲೋನೂ ಬರದೀರಿ. ಆದ್ರ ಕೆಂಪವ್ವ ಹುಟ್ಟಿದ್ದು ನನ್ನ ಬಾಯಾಗ. ಜೋಳಿಗ್ಯಾಗ ನನ್ನ ಕಾಳ ಇಟಗೊಂಡು ಪರರ ಕಾಳಿಲ್ಲ ಅಂದ್ರ ಆಕಿ ಹೆಂಗ ಇಳಿತಾಳ್ರಿ? ಆಕಿನ್ನ ನಾ ಹಂಗ ಬೆಳಸಿಲ್ಲ."

ಮಾಸ್ತರರ ಮುಖ ಸೀರೆಯ ಬಣ್ಣಕ್ಕೆ ತಿರುಗಿತು. "ಬ್ಯಾರೇದವರನ್ನ ನಿಲ್ಲಸ್ತೀನಿ," ಎಂದು ಹೆಂಗಸರತ್ತ ನೋಡಿದರು. ಒಬ್ಬಳೂ ಏಳಲಿಲ್ಲ. ಮುದುಕಿ ಚೌಡವ್ವ ಮಾತ್ರ ಮೂಗಿಗೆ ಸೆರಗು ಹಿಡಿದು, "ಯಾಕೋ ಘಾಟ ಬರಾಕತ್ತೈತಿ" ಎಂದು ಕೆಮ್ಮಿದಳು.

ದೇವವ್ವನ ತೋಳುಗಳು ಸೋತಿದ್ದವು. ಆದರೂ ಜನ್ಮದಲ್ಲಿ ತನ್ನದೆನ್ನುವ ಒಂದು ವಸ್ತುವನ್ನು ಅವಳು ಇಷ್ಟು ಎತ್ತರಕ್ಕೆ ಹಿಡಿದಿರಲಿಲ್ಲ. ಇಳಿಸಲು ಮನಸ್ಸೇ ಬರಲಿಲ್ಲ.

ಮಾಸ್ತರರು ಕೆಟ್ಟವರಲ್ಲ, ಹೆಸರಿನ ಆಸೆಯವರು ಅಷ್ಟೇ. ಚೌಡವ್ವ ಕೆಮ್ಮಿದ್ದು ಯಾಕೆಂದು ಅವರಿಗೆ ತಿಳಿಯಿತು. ಕತ್ತಿಯನ್ನು ಕಂಕುಳಿಗೆ ಸಿಕ್ಕಿಸಿ, ಜೇಬಿನಿಂದ ಕರಡು ತೆಗೆದು, ಚೇತನಕುಮಾರನ ಬೆನ್ನ ಮೇಲಿಟ್ಟು ತಿದ್ದಿದರು. "ತಗೋ. ಕಥೆ, ದೇವವ್ವ. ಆತಿಲ್ಲೋ?"

"ದೇವವ್ವ ಅಂದ್ರ ಓಣಿಗೆ ನಾಕ ಮಂದಿ ಅದಾರ. ದೇವವ್ವ ಫಕ್ಕೀರಪ್ಪ ಮೇಡ್ಲೇರಿ, ಪೂರಾ ಬರೀರಿ. ಬರದು, ಅಲ್ಲೇ ನಿಂತು ಎಲ್ಲಾರಿಗೂ ಕೇಳೂ ಹಂಗ ಓದ್ರಿ."

ಬರೆದರು. ಓದಿದರು, ನಾಟಕದ ದನಿಯಲ್ಲಲ್ಲ, ತಮ್ಮದೇ ದನಿಯಲ್ಲಿ. ತನ್ನ ಪೂರಾ ಹೆಸರನ್ನು ಅಷ್ಟು ಮಂದಿಯ ನಡುವೆ ಕೇಳಿದ ಮೇಲೆ ದೇವವ್ವ ಗೂಡುಸಾಬನತ್ತ ನೋಡಿದಳು. ಸೀರೆ ಎರಡೂ ದಂಡೆಯಿಂದ ಒಟ್ಟಿಗೇ ಮೆಲ್ಲಗೆ ನೆಲಕ್ಕಿಳಿಯಿತು.

ಮಾಸ್ತರರು ಕಾಲೆತ್ತಿದರು.

"ಚಪ್ಪಲಿ," ಎಂದಳು ದೇವವ್ವ.

ಅವರು ಬಾಗಿ ಚಪ್ಪಲಿ ಕಳಚಿ ಪಕ್ಕಕ್ಕಿಟ್ಟರು. ಬರಿಗಾಲಲ್ಲಿ ಹೊಳೆಯ ಅಂಚಿಗೆ ನಿಂತು, ನಗಲು ನೋಡಿದರು. "ಇನ್ನ ಉರಿಯೂದಿಲ್ಲಲ್ಲಾ ಅಕ್ಕಾ?"

"ನನಗೇನ ಗೊತ್ರಿ," ಎಂದಳು ದೇವವ್ವ. "ಕಾಲಿಟ್ಟ ನೋಡ್ರಿ."